100 ಕೆ.ಜಿ. ಇಳಿಸಿದರೆ ಹಳೆಯ ಜಪಾನೀ ಸೆಡಾನ್ ನಿಜಕ್ಕೂ ಚುರುಕಾಗುತ್ತದೆಯೇ?

ನೀವು ಕೇಳಿದ್ದು ಇದು: ನಿಮ್ಮ ಹತ್ತಿರ 1998ರ ಟೊಯೋಟಾ ಚೇಸರ್ ಟೂರರ್ ವಿ ಇದೆ, 280 ಪಿಎಸ್ (ಪಿಎಸ್ ಅಂದರೆ ಹೆಚ್ಚುಕಡಿಮೆ ಕುದುರೆಶಕ್ತಿಯೇ). ಗೆಳೆಯನ ಹತ್ತಿರ ಡಾಟ್ಸನ್ 1600 ಇದೆ, ಅದಕ್ಕೆ 100 ಪಿಎಸ್ ಕೂಡ ಇಲ್ಲ. ನೇರ ರಸ್ತೆಯಲ್ಲಿ ಅವನು ಕಾಣಿಸುವುದೇ ಇಲ್ಲ. ಆದರೆ ಬೆಟ್ಟದ ತಿರುವುಗಳಲ್ಲಿ ನಿಮ್ಮ ಬೆನ್ನು ಬಿಡುವುದಿಲ್ಲ. ಇದಕ್ಕೆ ತೂಕವೇ ಕಾರಣವಾ, ಚೇಸರ್‌ನಿಂದ 100 ಕೆ.ಜಿ. ಇಳಿಸಿದರೆ ಏನಾದರೂ ಪ್ರಯೋಜನ ಉಂಟಾ?

ಬಹುಪಾಲು ತೂಕವೇ ಕಾರಣ. 100 ಕೆ.ಜಿ. ಇಳಿಸಿದರೆ ಖಂಡಿತ ಗೊತ್ತಾಗುತ್ತದೆ. ಆದರೆ ಎಷ್ಟು ಇಳಿಸಿದಿರಿ ಅನ್ನುವಷ್ಟೇ ಎಲ್ಲಿಂದ ಇಳಿಸಿದಿರಿ ಅನ್ನುವುದೂ ಮುಖ್ಯ. ಹಳೆಯ ಜಪಾನೀ ಕಾರುಗಳ ರಿಪೇರಿಯೇ ನನ್ನ ಕಸುಬು. ತೂಕ ಇಳಿಸುತ್ತೇನೆ ಅಂತ ಹೊರಟವರು ಹೆಚ್ಚಾಗಿ ಕೈಗೆ ಸುಲಭವಾಗಿ ಸಿಗುವ ಜಾಗದಿಂದಲೇ ಶುರು ಮಾಡುತ್ತಾರೆ, ಅಂದರೆ ಹಿಂದಿನ ಸೀಟು, ಸ್ಟೆಪ್ನಿ, ಡಿಕ್ಕಿಯ ಕಾರ್ಪೆಟ್. ನಿಮ್ಮ ಕಾರಿನ ಕಾಯಿಲೆ ಇರುವುದು ಮುಂಭಾಗದಲ್ಲಿ.

ಮೊದಲು ಸುಲಭದ ಲೆಕ್ಕ ಮಾಡೋಣ. ಕಾರಿನ ತೂಕವನ್ನು ಪಿಎಸ್‌ನಿಂದ ಭಾಗಿಸಿದರೆ ಒಂದೊಂದು ಪಿಎಸ್ ಎಷ್ಟು ಕೆ.ಜಿ. ಎಳೆಯಬೇಕು ಅಂತ ಸಿಗುತ್ತದೆ. ಚೇಸರ್ ಟೂರರ್ ವಿ ಸುಮಾರು 1,480 ಕೆ.ಜಿ., ಅಂದರೆ ಪಿಎಸ್‌ಗೆ 5.3. ಡಾಟ್ಸನ್ 1600 ಒಂದು ಟನ್ನಿಗಿಂತ ಕಡಿಮೆ, 96 ಕುದುರೆಶಕ್ತಿ, ಹಾಗಾಗಿ ಹತ್ತರ ಆಸುಪಾಸು. 1969ರ ನಾಲ್ಕು ಬಾಗಿಲಿನ ನಿಸಾನ್ ಸ್ಕೈಲೈನ್ ಜಿಟಿ-ಆರ್, ಅದೇ ಎಲ್ಲರೂ ಹಕೋಸುಕಾ ಅನ್ನುವ ಕಾರು, 160 ಪಿಎಸ್‌ಗೆ 1,120 ಕೆ.ಜಿ., ಅಂದರೆ 7. 1966ರ ಮೊದಲ ಕರೋಲಾ ಸುಮಾರು 700 ಕೆ.ಜಿ., 60 ಪಿಎಸ್, ಹನ್ನೆರಡಕ್ಕೆ ಸ್ವಲ್ಪ ಕಡಿಮೆ.

ಇಲ್ಲೊಂದು ತಮಾಷೆ ಇದೆ. 1997ರ ಟೊಯೋಟಾ ಸೆಂಚುರಿಗೆ 5 ಲೀಟರ್ ವಿ12 ಇಂಜಿನ್. ದೊಡ್ಡ ಕಂಪನಿಗಳ ಅಧ್ಯಕ್ಷರು ಹಿಂದಿನ ಸೀಟಿನಲ್ಲಿ ಕೂತು ಓಡಾಡುವ ಕಾರು. ಅದರ ಶಕ್ತಿಯೂ ಕಾಗದದ ಮೇಲೆ 280 ಪಿಎಸ್, ತೂಕ ಮಾತ್ರ ಸುಮಾರು 2 ಟನ್. ಭಾಗಿಸಿ ನೋಡಿದರೆ ಹಕೋಸುಕಾದಷ್ಟೇ, 7ರ ಹತ್ತಿರ. ರೇಸ್ ಗೆಲ್ಲಲೆಂದು ಕಟ್ಟಿದ ಕಾರೂ, ಸದ್ದಿಲ್ಲದೆ ತೇಲಲೆಂದು ಕಟ್ಟಿದ ಕಾರೂ ಒಂದೇ ಅಂಕಿ! ಹಳೆಯ ಕಾರಿನ 160 ಅನ್ನುವುದು ಗ್ರಾಸ್ ಲೆಕ್ಕ ಬೇರೆ. ಸುಮಾರು 1985ರ ತನಕ ಜಪಾನಿನಲ್ಲಿ ಇಂಜಿನ್ನನ್ನು ಕಾರಿನಿಂದ ಹೊರಗಿಟ್ಟು ಅಳೆದ ಅಂಕಿಯನ್ನೇ ಕ್ಯಾಟಲಾಗಿನಲ್ಲಿ ಹಾಕುತ್ತಿದ್ದರು. ಆಮೇಲೆ ಇಂಜಿನ್ ಕಾರಿನೊಳಗೆ ಕೂತ ಸ್ಥಿತಿಯಲ್ಲಿ ಅಳೆಯುವ ನೆಟ್ ಲೆಕ್ಕ ಬಂತು, ಅಂಕಿಗಳು ಇಳಿದವು. ಅಂದರೆ ನಿಜವಾಗಿ ನೋಡಿದರೆ ಸೆಂಚುರಿಯೇ ಒಂದು ಕೈ ಮೇಲು. ಹಾಗಂತ ಬೆಟ್ಟದ ರಸ್ತೆಯಲ್ಲಿ ಅದು ಹಕೋಸುಕಾವನ್ನು ಹಿಂದೆ ಹಾಕುತ್ತದೆ ಅಂತ ಯಾರಾದರೂ ಹೇಳಿದರೆ ನಂಬುತ್ತೀರಾ?

ಈ ಭಾಗಾಕಾರ ಹೇಳುವುದು ಪಿಕಪ್ ಒಂದನ್ನೇ. ಶಕ್ತಿ ಕೆಲಸಕ್ಕೆ ಬರುವುದು ಆಕ್ಸಿಲರೇಟರ್ ತುಳಿದಾಗ ಮಾತ್ರ. ತೂಕ ಹಾಗಲ್ಲ, ಹೊರಡುವಾಗ, ನಿಲ್ಲುವಾಗ, ತಿರುಗುವಾಗ, ಗುಂಡಿ ಹಾರುವಾಗ, ಯಾವಾಗಲೂ ಜೊತೆಗೇ ಇರುತ್ತದೆ.

ಬ್ರೇಕನ್ನೇ ತಗೊಳ್ಳಿ. ಟೈರು, ಬ್ರೇಕು ಎರಡೂ ಸರಿ ಇದ್ದರೆ ಭಾರದ ಕಾರೂ ಹಗುರ ಕಾರೂ ಒಮ್ಮೆ ನಿಲ್ಲುವ ದೂರದಲ್ಲಿ ಅಂಥ ದೊಡ್ಡ ವ್ಯತ್ಯಾಸ ಇರುವುದಿಲ್ಲ. ಆದರೆ ಗಂಟೆಗೆ 100 ಕಿ.ಮೀ. ವೇಗದಿಂದ 1,500 ಕೆ.ಜಿ. ಕಾರನ್ನು ನಿಲ್ಲಿಸಿದರೆ 1,000 ಕೆ.ಜಿ. ಕಾರಿಗಿಂತ ಒಂದೂವರೆ ಪಟ್ಟು ಶಾಖ ಹುಟ್ಟುತ್ತದೆ. ಇಳಿಜಾರಿನಲ್ಲಿ ಹತ್ತಾರು ತಿರುವು ಒಂದರ ಹಿಂದೆ ಒಂದು ಬಂದರೆ ಆ ಶಾಖ ಆರಲು ಪುರುಸೊತ್ತಿಲ್ಲ. ಮೊದಲ ತಿರುವುಗಳಲ್ಲಿ ನಿಮ್ಮ ಬ್ರೇಕ್ ಚೆನ್ನಾಗಿಯೇ ಇರುತ್ತದೆ. ಆಮೇಲೆ ಪೆಡಲ್ ಉದ್ದ ಹೋಗಲು ಶುರುವಾಗುತ್ತದೆ, ನೀವು ನಿಮಗೇ ಗೊತ್ತಿಲ್ಲದೆ ಸ್ವಲ್ಪ ಬೇಗ ಬ್ರೇಕ್ ಹಾಕುತ್ತೀರಿ. ಗೆಳೆಯ ಹತ್ತಿರ ಬರುವುದು ಅಲ್ಲಿ.

ತಿರುವಿನ ಕಥೆ ಇನ್ನೂ ಮಜವಾಗಿದೆ. ಟೈರಿನ ಮೇಲಿನ ತೂಕ ಎರಡು ಪಟ್ಟಾದರೆ ಅದರ ಹಿಡಿತವೂ ಎರಡು ಪಟ್ಟಾಗಬೇಕಲ್ವಾ? ಆಗುವುದಿಲ್ಲ. ಹಿಡಿತ ಹೆಚ್ಚುತ್ತದೆ, ಆದರೆ ತೂಕದಷ್ಟು ಹೆಚ್ಚುವುದಿಲ್ಲ. ರಬ್ಬರಿನ ಗುಣವೇ ಅದು. ತಿರುವಿನಲ್ಲಿ ಭಾರವೆಲ್ಲ ಹೊರಗಿನ ಎರಡು ಚಕ್ರಗಳ ಮೇಲೆ ಬೀಳುವಾಗ ಭಾರದ ಕಾರಿಗೆ ಈ ನಷ್ಟ ಜಾಸ್ತಿ. ಚೇಸರ್ ಟೂರರ್ ವಿಗೆ ಕಂಪನಿ ಕೊಟ್ಟ ಟೈರಿನ ಅಗಲ ಹಿಂದೆ 225 ಮಿ.ಮೀ., ಮುಂದೆ 205. ಆದರೆ ತೂಕ ಅರ್ಧಕ್ಕಿಂತ ಜಾಸ್ತಿ ಇರುವುದು ಮುಂದೆ. ಸಾಲಾಗಿ ಆರು ಸಿಲಿಂಡರ್, ಎರಕದ ಕಬ್ಬಿಣದ ಬ್ಲಾಕ್, ಟರ್ಬೊ, ಇಂಟರ್‌ಕೂಲರ್, ಎಲ್ಲ ಬಾನೆಟ್ ಅಡಿಯಲ್ಲೇ. ತಿರುವಿಗೆ ನುಗ್ಗಿದಾಗ ಮೂತಿ ಹೊರಗೆ ಜಾರುವುದು ಇದರಿಂದಲೇ.

ತೂಕ ಕಾರಿನ ನಡುಭಾಗದಿಂದ ಎಷ್ಟು ದೂರ ಇದೆ ಅನ್ನುವುದನ್ನು ಮನೆಯಲ್ಲೇ ಪರೀಕ್ಷಿಸಬಹುದು. ಹತ್ತು ಕೆ.ಜಿ. ಅಕ್ಕಿ ಚೀಲವನ್ನು ಎದೆಗೆ ಅವುಚಿಕೊಂಡು ಗಿರಕ್ಕನೆ ತಿರುಗಿ ನಿಂತು ನೋಡಿ. ಆಮೇಲೆ ಅದೇ ಚೀಲವನ್ನು ಕೈ ಚಾಚಿ ಹಿಡಿದು ತಿರುಗಿ. ಶುರು ಮಾಡುವುದೂ ಕಷ್ಟ, ನಿಲ್ಲಿಸುವುದೂ ಕಷ್ಟ. ಉದ್ದ ಮೂತಿಯ ಆರು ಸಿಲಿಂಡರ್ ಸೆಡಾನ್‌ಗಳ ಪಾಡು ಈ ಎರಡನೆಯದು.

ಇದು ಇವತ್ತಿನ ವಿಷಯವೇನಲ್ಲ. 1964ರಲ್ಲಿ ಪ್ರಿನ್ಸ್ ಕಂಪನಿ (ಮುಂದೆ ನಿಸಾನ್ ಜೊತೆ ಸೇರಿದ್ದು) ತನ್ನ ನಾಲ್ಕು ಸಿಲಿಂಡರಿನ ಸ್ಕೈಲೈನ್ ಸೆಡಾನಿಗೆ ಗ್ಲೋರಿಯಾ ಕಾರಿನ ಆರು ಸಿಲಿಂಡರ್ ಇಂಜಿನ್ ಕೂರಿಸಲು ಹೊರಟಿತು. ಜಾಗ ಸಾಲಲಿಲ್ಲ. ಮೂತಿಯನ್ನೇ 200 ಮಿ.ಮೀ. ಉದ್ದ ಮಾಡಿದರು! ಆ ವರ್ಷದ ಮೇ ತಿಂಗಳಲ್ಲಿ ಸುಜುಕಾದಲ್ಲಿ ನಡೆದ ಜಪಾನ್ ಗ್ರ್ಯಾಂಡ್ ಪ್ರಿಯಲ್ಲಿ ಅದು ಪೋರ್ಷೆ 904 ಎದುರಿಗೆ ನಿಂತಿತು. ಸ್ಕೈಲೈನ್ ಓಡಿಸುತ್ತಿದ್ದ ಇಕುಜಾವಾ ತೆತ್ಸು ಒಂದು ಸುತ್ತು ಪೋರ್ಷೆಗಿಂತ ಮುಂದಿದ್ದರು, ಜಪಾನಿನಲ್ಲಿ ಅದನ್ನು ಈಗಲೂ ನೆನೆಯುತ್ತಾರೆ. ಕೊನೆಗೆ ಗೆದ್ದದ್ದು ಪೋರ್ಷೆ. ಅದರದ್ದು ಫೈಬರ್‌ಗ್ಲಾಸ್ ಮೈ, ಇಂಜಿನ್ ಚಾಲಕನ ಬೆನ್ನ ಹಿಂದೆ. ಸ್ಕೈಲೈನ್‌ಗಳು ಎರಡರಿಂದ ಆರನೇ ಸ್ಥಾನದ ತನಕ ಸಾಲಾಗಿ ಬಂದವು. ನನಗೆ ಕೇಳಿದರೆ ಗೆಲುವಿಗಿಂತ ದೊಡ್ಡ ಸಾಧನೆ ಅದು. ಮುಂದೆ 1970ರಲ್ಲಿ ಹಕೋಸುಕಾ ಜಿಟಿ-ಆರ್ ಸೆಡಾನ್‌ನಿಂದ ಕೂಪೆ ಆದಾಗ ಮುಂದಿನ ಹಿಂದಿನ ಚಕ್ರಗಳ ಅಂತರವನ್ನು 70 ಮಿ.ಮೀ. ತಗ್ಗಿಸಿದರು, ತೂಕ 20 ಕೆ.ಜಿ. ಇಳಿಯಿತು. ಇಂಜಿನ್ ಅದೇ, 160 ಪಿಎಸ್ ಅದೇ.

ಈಗ ನಿಮ್ಮ ಗೆಳೆಯನ ಕಾರಿಗೆ ಬರೋಣ. ಡಾಟ್ಸನ್ 1600, ಅಂದರೆ 510 ಬ್ಲೂಬರ್ಡ್, ಹಗುರ ಅನ್ನುವುದಷ್ಟೇ ಅದರ ಗುಟ್ಟಲ್ಲ. 1960ರ ದಶಕದ ಕೊನೆಯ ಬಹುಪಾಲು ಸಾಧಾರಣ ಸೆಡಾನ್‌ಗಳಿಗೆ ಹಿಂದೆ ಒಂದೇ ಗಟ್ಟಿ ಆಕ್ಸಲ್ ಇರುತ್ತಿತ್ತು. ಡಿಫರೆನ್ಷಿಯಲ್ (ಇಂಜಿನ್ ಶಕ್ತಿಯನ್ನು ಎರಡೂ ಚಕ್ರಕ್ಕೆ ಹಂಚುವ ಗೇರುಗಳು), ಅದರ ಹೌಸಿಂಗ್, ಚಕ್ರ ಎಲ್ಲ ಸೇರಿ ಒಂದೇ ತುಂಡಾಗಿ ಮೇಲೆ ಕೆಳಗೆ ಕುಣಿಯಬೇಕು. 510 ಸೆಡಾನಿನಲ್ಲಿ ಎರಡೂ ಹಿಂದಿನ ಚಕ್ರಗಳು ಬೇರೆ ಬೇರೆ, ಡಿಫರೆನ್ಷಿಯಲ್ ಕಾರಿನ ಮೈಗೇ ಬೋಲ್ಟ್ ಆಗಿದೆ. ಅಂದರೆ ಸ್ಪ್ರಿಂಗ್‌ನ ಕೆಳಗೆ ಕುಣಿಯುವ ತೂಕ ಕಡಿಮೆ, ಕೆಟ್ಟ ರಸ್ತೆಯಲ್ಲಿ ಟೈರು ನೆಲ ಬಿಡುವುದು ಕಡಿಮೆ. 1970ರಲ್ಲಿ ಈಸ್ಟ್ ಆಫ್ರಿಕನ್ ಸಫಾರಿ ರ‍್ಯಾಲಿ ಗೆದ್ದದ್ದು ಇದೇ ಕಾರು. 1971 ಮತ್ತು 1972ರಲ್ಲಿ ಅಮೆರಿಕದ ಟ್ರಾನ್ಸ್-ಆಮ್ ರೇಸಿನ ಎರಡೂವರೆ ಲೀಟರ್ ವಿಭಾಗದಲ್ಲಿ ಪೀಟರ್ ಬ್ರಾಕ್ ತಂಡಕ್ಕೆ ಗೆಲುವು ತಂದದ್ದೂ ಇದೇ, ಓಡಿಸಿದವರು ಜಾನ್ ಮಾರ್ಟನ್. ಆಲ್ಫಾ ರೋಮಿಯೋಗಳನ್ನು ಹಿಂದೆ ಹಾಕಿ ಗೆದ್ದದ್ದು. ಅಂಥ ಕಾರು ಬೆನ್ನು ಬಿಡುವುದಿಲ್ಲ ಅಂದರೆ ನೀವು ಬೇಜಾರು ಮಾಡಿಕೊಳ್ಳಬೇಕಾಗಿಲ್ಲ.

ಏರುವಾಗ ಮಾತ್ರ ಕಥೆ ತಿರುಗುತ್ತದೆ. ನೂರು ಮೀಟರಿಗೆ ಹತ್ತು ಮೀಟರ್ ಏರುವ ರಸ್ತೆಯಲ್ಲಿ 60 ಕಿ.ಮೀ. ವೇಗದಲ್ಲಿ ಹೋಗಲು, ಬರೀ ತೂಕ ಎತ್ತುವುದಕ್ಕೇ 1,500 ಕೆ.ಜಿ. ಕಾರಿಗೆ 33 ಪಿಎಸ್ ಬೇಕು, 1,000 ಕೆ.ಜಿ. ಕಾರಿಗೆ 22. ನಿಮ್ಮ ಹತ್ತಿರ 280 ಇದೆ, 33 ಹೋದರೆ ಏನೂ ಅನ್ನಿಸುವುದಿಲ್ಲ. ಅವನ ಹತ್ತಿರ ಇರುವುದೇ 96. ನಮ್ಮೂರ ಕಡೆಯವರಿಗೆ ಇದು ಬೇಗ ಅರ್ಥವಾಗುತ್ತದೆ. 1990ರಲ್ಲಿ ಬಂದ ಮಾರುತಿ 1000, ಅದೂ ಸುಜುಕಿಯ ಜಪಾನೀ ಸೆಡಾನೇ, ಅದಕ್ಕೆ 46 ಕುದುರೆಶಕ್ತಿ. ಐದು ಜನ ಕೂತರೆ ಸುಮಾರು 1,150 ಕೆ.ಜಿ. ಅದೇ ಏರಿನಲ್ಲಿ ಅದೇ ವೇಗಕ್ಕೆ 25 ಪಿಎಸ್ ಬೇಕು. ಅರ್ಧಕ್ಕಿಂತ ಜಾಸ್ತಿ ಶಕ್ತಿ ಘಾಟಿಗೇ ಹೋಯಿತು! ಆಮೇಲೆ ಅದೇ ಮೈಗೆ 1.3 ಲೀಟರ್ ಇಂಜಿನ್ ಹಾಕಿ ಎಸ್ಟೀಮ್ ಅಂತ ಬಂದಾಗ ಜನ ಹಾರಾಡಿದ್ದು ಸುಮ್ನೆ ಅಲ್ಲ. ಹಗುರ ಕಾರಿಗೆ ಇರುವ ತೊಂದರೆಯೂ ಇದೇ: ನಾಲ್ಕು ಜನ, ಲಗೇಜು ಸೇರಿ 300 ಕೆ.ಜಿ. ಹತ್ತಿಸಿದರೆ ಅದರ ತೂಕದ ಮೂರನೇ ಒಂದು ಭಾಗ ಹೆಚ್ಚಿದಂತೆ. ಚೇಸರ್‌ಗೆ ಐದನೇ ಒಂದು ಭಾಗ ಅಷ್ಟೆ.

ಹಾಗಾದರೆ ಜಪಾನೀ ಸೆಡಾನ್‌ಗಳು ದಪ್ಪಗಾದದ್ದು ಯಾಕೆ? ಒಂದು ಕಾರಣ ತೆರಿಗೆ. 4.7 ಮೀಟರ್ ಉದ್ದ, 1.7 ಮೀಟರ್ ಅಗಲ, 2,000 ಸಿಸಿ ಮೀರಿದರೆ ಮೊದಲೆಲ್ಲ ದುಬಾರಿ ತೆರಿಗೆ ಬೀಳುತ್ತಿತ್ತು. 1989ರಲ್ಲಿ ಅದು ಸಡಿಲವಾಯಿತು, ಕಾರುಗಳು ಅಗಲವಾದವು. ಜೊತೆಗೆ ಏರ್‌ಬ್ಯಾಗ್ ಬಂತು, ಬಾಗಿಲೊಳಗೆ ಉಕ್ಕಿನ ಅಡ್ಡಪಟ್ಟಿ ಬಂತು, ಸದ್ದು ತಡೆಯುವ ಟಾರ್ ಹಾಳೆಗಳು ಬಂದವು. ಇದೇ ಹೊತ್ತಿಗೆ ಕಂಪನಿಗಳು 280 ಪಿಎಸ್ ದಾಟುವುದಿಲ್ಲ ಅಂತ ತಮ್ಮೊಳಗೇ ಒಪ್ಪಂದ ಮಾಡಿಕೊಂಡಿದ್ದವು, 2004ರ ತನಕ ಅದು ನಡೆಯಿತು. ಎಲ್ಲರದ್ದೂ 280 ಆದ ಮೇಲೆ ಕಾಗದದ ಮೇಲೆ ಉಳಿಯುವ ವ್ಯತ್ಯಾಸ ತೂಕ ಮತ್ತು ಚಾಸಿ ಮಾತ್ರ. ಅಂದ ಹಾಗೆ ಜಪಾನಿನಲ್ಲಿ ಕಾರಿನ ತೂಕಕ್ಕೂ ತೆರಿಗೆ ಇದೆ, ಅರ್ಧ ಟನ್ನಿಗೊಂದು ಮೆಟ್ಟಿಲು. ನಿಮ್ಮ ಕಾರು 1,500ರ ಗೆರೆಗೆ ತಾಗದೆ ಕೆಳಗೇ ನಿಂತಿರುವುದನ್ನು ನೋಡಿದರೆ ನನಗಂತೂ ನಗು ಬರುತ್ತದೆ.

ನಿಮ್ಮ 100 ಕೆ.ಜಿ. ಪ್ರಶ್ನೆಗೆ ಮಿತ್ಸುಬಿಷಿಯೇ ಒಂದು ಉತ್ತರ ಕಟ್ಟಿ ಮಾರಿತ್ತು. 1999ರ ಲ್ಯಾನ್ಸರ್ ಎವೊಲ್ಯೂಷನ್ 6ರಲ್ಲಿ ಎರಡು ಮಾದರಿ: ಜಿಎಸ್‌ಆರ್ 1,360 ಕೆ.ಜಿ., ಆರ್‌ಎಸ್ 1,260. ಎರಡಕ್ಕೂ 280 ಪಿಎಸ್. ಆರ್‌ಎಸ್ ಅನ್ನು ಕೊಳ್ಳುತ್ತಿದ್ದವರು ರ‍್ಯಾಲಿ ತಂಡಗಳು, ಹೇಗೂ ಒಳಗಿನದ್ದೆಲ್ಲ ಕಿತ್ತು ಹಾಕುವವರು. ಚೇಸರ್‌ನಲ್ಲಿ 100 ಕೆ.ಜಿ. ಕಳೆದರೆ ಪಿಕಪ್ ಮಟ್ಟಿಗೆ ಸುಮಾರು 20 ಪಿಎಸ್ ಸೇರಿಸಿದ ಹಾಗೆ. 0–100ಕ್ಕೆ 6 ಸೆಕೆಂಡ್ ಅಂತ ಇಟ್ಟುಕೊಂಡರೆ 5.6 ಆಗಬಹುದು. ಟಾಪ್ ಸ್ಪೀಡಿಗೆ ಏನೂ ಆಗುವುದಿಲ್ಲ, ಅಲ್ಲಿ ಅಡ್ಡ ಬರುವುದು ಗಾಳಿ. 20 ಪಿಎಸ್ ಬೇಕಿದ್ದರೆ ಟರ್ಬೊ ಇಂಜಿನ್ನಿನಲ್ಲಿ ಬೂಸ್ಟ್, ಅಂದರೆ ಟರ್ಬೊ ಗಾಳಿ ತುಂಬುವ ಒತ್ತಡ, ಸ್ವಲ್ಪ ಏರಿಸಿದರೆ ಅಗ್ಗದಲ್ಲಿ ಸಿಗುತ್ತದೆ. ಹಾಗಾಗಿ ಪಿಕಪ್‌ಗೋಸ್ಕರ ತೂಕ ಇಳಿಸಬೇಡಿ. ಬ್ರೇಕಿಗೆ, ತಿರುವಿಗೆ ಅಂತ ಇಳಿಸಿ.

ನಾನಾದರೆ ಈ ಕ್ರಮದಲ್ಲಿ ಹೋಗುತ್ತೇನೆ. ಮೊದಲು ಚಕ್ರ. ಹಗುರವಾದ ಒಳ್ಳೆಯ ಅಲಾಯ್ ಹಾಕಿದರೆ ಸ್ಪ್ರಿಂಗ್ ಕೆಳಗಿನ ತೂಕವೂ ಇಳಿಯುತ್ತದೆ, ತಿರುಗುವ ತೂಕವೂ ಇಳಿಯುತ್ತದೆ. ಚಕ್ರದ ಒಂದು ಕೆ.ಜಿ. ಅಂದರೆ ಮೈಯ ಹತ್ತು ಕೆ.ಜಿ. ಅಂತ ಕೆಲವರು ಹೇಳುತ್ತಾರೆ, ಅದು ಬರೀ ಬುರುಡೆ. ಪಿಕಪ್ ಲೆಕ್ಕದಲ್ಲಿ, ಟೈರಿನ ಹೊರ ಅಂಚಿನಲ್ಲಿರುವ ಒಂದು ಕೆ.ಜಿ. ಕೂಡ ಎರಡಕ್ಕಿಂತ ಜಾಸ್ತಿ ಆಗುವುದಿಲ್ಲ. ಆಮೇಲೆ ಬ್ಯಾಟರಿಯನ್ನು ಬಾನೆಟ್‌ನಿಂದ ಡಿಕ್ಕಿಗೆ ಸಾಗಿಸಿ. ಒಟ್ಟು ತೂಕ ಇಳಿಯುವುದಿಲ್ಲ, ದಪ್ಪ ಕೇಬಲ್ಲಿನಿಂದ ಒಂದಿಷ್ಟು ಹೆಚ್ಚುತ್ತದೆ ಕೂಡ. ಆದರೆ ಮೂತಿಯ ಭಾರ ಹಿಂದಕ್ಕೆ ಹೋಯಿತು. ಬಾನೆಟ್ ಬದಲಿಸುವ ಯೋಚನೆ ಇದ್ದರೆ ಹಗುರದ್ದು ಹಾಕಿ. ಎತ್ತರದಲ್ಲಿರುವ ತೂಕವೂ ಲೆಕ್ಕಕ್ಕೆ ಬರುತ್ತದೆ. 2004ರ ಎವೊಲ್ಯೂಷನ್ 8 ಎಂಆರ್‌ಗೆ ಮಿತ್ಸುಬಿಷಿ ಅಲ್ಯೂಮಿನಿಯಂ ಮೇಲ್ಛಾವಣಿ ಹಾಕಿತು, ಇಳಿದದ್ದು 4 ಕೆ.ಜಿ. ಮಾತ್ರ. ಆದರೂ ಅಷ್ಟು ಕಷ್ಟಪಟ್ಟದ್ದು ಅದು ಕಾರಿನ ತಲೆ ಮೇಲಿದ್ದ 4 ಕೆ.ಜಿ. ಅಂತಲೇ.

ಹಿಂದಿನ ಸೀಟು ಕಿತ್ತರೆ ತೂಕ ಇಳಿಯುವುದು ಹಿಂದಿನಿಂದ, ಮೂತಿ ಮೊದಲಿಗಿಂತ ಭಾರ ಅನ್ನಿಸುತ್ತದೆ. ಅದಲ್ಲದೆ ಸೆಡಾನ್ ಕೊಂಡು ಹಿಂದಿನ ಸೀಟು ಎಸೆಯುವವರನ್ನು ಕಂಡರೆ ನನಗೆ ಸಿಟ್ಟು. ಬಾಗಿಲೊಳಗಿನ ಅಡ್ಡಪಟ್ಟಿಗೆ ಮಾತ್ರ ಕೈ ಹಚ್ಚಲೇಬೇಡಿ. ಡಾಟ್ಸನ್ ಹಗುರ ಇರುವುದಕ್ಕೆ ಒಂದು ಕಾರಣ ಅದರಲ್ಲಿ ಇಂಥದ್ದೇನೂ ಇಲ್ಲದಿರುವುದು. ಪಕ್ಕದಿಂದ ಯಾರಾದರೂ ಗುದ್ದಿದರೆ ನಿಮ್ಮ ಗೆಳೆಯನಿಗೂ ಬಾಗಿಲಿಗೂ ನಡುವೆ ಒಂದು ತಗಡು ಅಷ್ಟೇ.

ಏನೇ ಕಿತ್ತು ಹಾಕುವ ಮೊದಲು ಒಂದು ಕೆಲಸ ಮಾಡಿ. ಹತ್ತಿರದ ವೇಬ್ರಿಡ್ಜಿಗೆ ಹೋಗಿ, ಮೊದಲು ಮುಂದಿನ ಚಕ್ರಗಳನ್ನಷ್ಟೇ ಅದರ ಮೇಲೆ ನಿಲ್ಲಿಸಿ ತೂಕ ಬರೆದುಕೊಳ್ಳಿ, ಆಮೇಲೆ ಇಡೀ ಕಾರಿನದ್ದು. ಟ್ಯಾಂಕಿನಲ್ಲಿ ಪೆಟ್ರೋಲ್ ಎಷ್ಟಿತ್ತು ಅಂತಲೂ ಬರೆದಿಡಿ, ಫುಲ್ ಟ್ಯಾಂಕ್ ಅಂದರೆ ಅದೇ 50 ಕೆ.ಜಿ. ಹತ್ತಿರ. ಹಿಂದಿನ ಮಾಲೀಕರು ದೊಡ್ಡ ಇಂಟರ್‌ಕೂಲರ್, ಮ್ಯೂಸಿಕ್ ಸಿಸ್ಟಮ್ ಅಂತ ಏನೇನು ಸೇರಿಸಿದ್ದಾರೋ, ಕ್ಯಾಟಲಾಗಿನ 1,480 ಈಗ ನಿಜ ಇರುವುದು ಅನುಮಾನ. ಆ ಎರಡು ಅಂಕಿ ಮತ್ತು ಈಗ ಹಾಕಿರುವ ಟೈರಿನ ಅಳತೆ ಇಲ್ಲಿ ಹಾಕಿದರೆ, ಮುಂದಿನ ಸ್ಪ್ರಿಂಗ್ ಮತ್ತು ಬ್ರೇಕ್ ಪ್ಯಾಡ್ ಯಾವುದು ಸರಿಹೋಗುತ್ತದೆ ಅಂತ ಹೇಳುತ್ತೇನೆ.