20 ಇಂಚಿನ ಪಾಟ್ ತಳಕ್ಕೆ ಜಲ್ಲಿ ಹಾಕ್ಲಾ, ಥರ್ಮಾಕೋಲ್ ತುಂಬ್ಲಾ?

ಟೆರೇಸಲ್ಲಿ ದಾಸವಾಳ ಹಾಕೋಕೆ 20 ಇಂಚಿನ ಪಾಟ್ ತಂದಿದೀನಿ, ನೀರು ಬಸಿಯೋಕೆ ಜಲ್ಲಿ ಹಾಕ್ಬೇಕಾ, ಭಾರ ಕಮ್ಮಿ ಆಗ್ಲಿ ಅಂತ ಥರ್ಮಾಕೋಲ್ ತುಂಬಬಹುದಾ ಅಂತ ಕೇಳಿದೀರ.

ಜಲ್ಲಿ ಬೇಡ ಕಣ್ರೀ. ನಮ್ದು ತುಮಕೂರು, ನಾನೂ ಎಲ್ಲರ ಮಾತು ಕೇಳಿ ಮೂರಿಂಚು ಜಲ್ಲಿ ಹಾಕಿದ್ದೆ, ಮಳೆಗಾಲದಲ್ಲಿ ದಾಸವಾಳದ ಎಲೆ ಹಳದಿ ಆಗಿ ಉದುರೋಕೆ ಶುರುವಾಯ್ತು, ಮೇಲ್ಗಡೆ ಮಣ್ಣು ಒಣಗಿದಂಗೆ ಕಾಣ್ತಿತ್ತಲ್ಲ ಅಂತ ಇನ್ನೂ ಎರಡು ಚೊಂಬು ನೀರು ಹುಯ್ದೆ, ಕೊನೆಗೆ ಪಾಟ್ ಬೋರಲು ಹಾಕಿ ನೋಡಿದ್ರೆ ಜಲ್ಲಿ ತೊಳ್ದಿಟ್ಟಂಗೆ ಇದೆ, ಅದರ ಮೇಲಿನ ನಾಲ್ಕು ಬೆರಳು ಮಣ್ಣು ಮಾತ್ರ ಕರ್ರಗೆ ಕೆಸರು, ಚರಂಡಿ ವಾಸನೆ. ಬೇರು ಹಿಡಿದು ಎಳೆದ್ರೆ ಸಿಪ್ಪೆ ಕಳಚ್ಕೊಂಡು ಕೈಗೆ ಬಂತು.

ಯಾಕೆ ಅಂದ್ರೆ ಮಣ್ಣಿನ ಸಂದು ಸಣ್ಣದು, ನೀರನ್ನ ಹಿಡ್ಕೊಂಡು ಬಿಡಲ್ಲ. ಜಲ್ಲಿ ಸಂದು ದೊಡ್ಡದು, ಮೇಲಿನ ಮಣ್ಣು ಪೂರ್ತಿ ನೆನೆದು ತೊಪ್ಪೆ ಆಗೋವರೆಗೂ ನೀರು ಅದರೊಳಕ್ಕೆ ಇಳಿಯೋದೇ ಇಲ್ಲ. ತಳದಲ್ಲಿ ಇರಬೇಕಾದ ಕೆಸರು ಮೂರಿಂಚು ಮೇಲಕ್ಕೆ, ಬೇರಿನ ಹತ್ರಕ್ಕೇ ಬರುತ್ತೆ ಅಷ್ಟೆ. ನಂಬಿಕೆ ಬರ್ಲಿಲ್ಲ ಅಂದ್ರೆ ಪಾತ್ರೆ ತೊಳೆಯೋ ಸ್ಪಾಂಜ್ ನೆನೆಸಿ ಮಲಗಿಸಿ ಹಿಡೀರಿ, ತೊಟ್ಟಿಕ್ಕೋದು ನಿಂತ್ಮೇಲೆ ಅದನ್ನೇ ಉದ್ದಕ್ಕೆ ನೆಟ್ಟಗೆ ನಿಲ್ಸಿ, ಮತ್ತೆ ನೀರು ಬರುತ್ತೆ. ಮಣ್ಣಿನ ಎತ್ತರ ಜಾಸ್ತಿ ಇದ್ದಷ್ಟೂ ಬಸಿಯೋದು ಜಾಸ್ತಿ.

ತೂತಿನ ಮೇಲೆ ಒಂದು ಹೆಂಚಿನ ಚೂರೋ, ಒಂದು ಹಿಡಿ ಕಾಯಿ ನಾರೋ ಇಡಿ, ಮಣ್ಣು ಕೊಚ್ಕೊಂಡು ಹೋಗ್ದಿದ್ರೆ ಸಾಕು. ಸುಧಾರಿಸ್ಬೇಕಾಗಿರೋದು ಮಣ್ಣನ್ನೇ. ನಮ್ಮ ಕಡೆ ಕೆಮ್ಮಣ್ಣು ಬರೀ ಅದನ್ನೇ ತುಂಬಿದ್ರೆ ಇಟ್ಟಿಗೆ ಥರ ಗಟ್ಟಿ ಆಗುತ್ತೆ, ನಾನು ಎರಡು ಬಾಂಡ್ಲಿ ಕೆಮ್ಮಣ್ಣಿಗೆ ಒಂದೊಂದು ಬಾಂಡ್ಲಿ ಕೊಕೊಪೀಟ್ (ತೆಂಗಿನ ನಾರಿನ ಪುಡಿ), ಹಳೇ ಕೊಟ್ಟಿಗೆ ಗೊಬ್ಬರ, ದಪ್ಪ ಮರಳು ಹಾಕ್ತೀನಿ. ಕೊಕೊಪೀಟ್‌ನ ಎರಡ್ಮೂರು ಸಲ ತೊಳೀರಿ, ಉಪ್ಪಿರುತ್ತೆ.

ಥರ್ಮಾಕೋಲ್ ವಿಷಯ ಬೇರೆ, ಅದು ನೀರು ಬಸಿಯೋಕಲ್ಲ, ಭಾರಕ್ಕೆ. ಆ ಸೈಜ್ ಪಾಟಲ್ಲಿ ಒದ್ದೆ ಮಣ್ಣು ತುಂಬಿದ್ರೆ ನೂರು ಕೆಜಿ ಹತ್ತಿರ ಹೋಗುತ್ತೆ, ಭಯ ಸಹಜ. ಆದ್ರೆ ಅದನ್ನ ಮುರಿದು ಹಾಕಿದ್ರೆ ಪಾಟ್ ಬದಲಾಯಿಸೋ ದಿನ ಬಿಳಿ ಕಾಳು ಬೇರಿಗೆಲ್ಲ ಮೆತ್ಕೊಂಡಿರುತ್ತೆ, ಆರಿಸಿ ಸಾಕಾಗುತ್ತೆ. ಮುಚ್ಚಳ ಬಿಗಿದ ಖಾಲಿ ನೀರಿನ ಬಾಟಲಿ ವಾಸಿ. ತಿಪಟೂರು ಕಡೆ ನೆಂಟರಿದ್ರೆ ಕಾಯಿ ಮಟ್ಟೆ ಪುಕ್ಕಟೆ ಸಿಗುತ್ತೆ, ಬೇಸಿಗೇಲಿ ತೇವಾನೂ ಇಡುತ್ತೆ, ಆದ್ರೆ ಕೊಳೀತಾ ಹೋದಂಗೆ ಗಿಡ ಸಮೇತ ಮಣ್ಣು ಕುಸಿಯುತ್ತೆ, ಆಗ ಮೇಲಿಂದ ಮಣ್ಣು ಹಾಕ್ಬೇಕು. ಏನೇ ತುಂಬಿದ್ರೂ ದಾಸವಾಳಕ್ಕೆ ಒಂದಡಿ ಮಣ್ಣು ಉಳೀಲೇಬೇಕು, ಅಷ್ಟು ಉಳಿಯಲ್ಲ ಅಂದ್ರೆ ಏನೂ ತುಂಬಬೇಡಿ, ಪಾಟ್‌ನ ನಡು ಟೆರೇಸಿಂದ ತೆಗೆದು, ಟೆರೇಸಲ್ಲೇ ಅಡಿಯಲ್ಲಿ ಮನೆ ಗೋಡೆ ಬರೋ ಜಾಗದ ಮೇಲೆ ಇಡಿ, ಭಾರ ಗೋಡೆ ಹೊರುತ್ತೆ.

ಹಾಂ, ಪಾಟ್ ಕೆಳಗೆ ಮೂರು ಕಡೆ ಇಟ್ಟಿಗೆ ಚೂರು ಕೊಡಿ, ಇಲ್ದಿದ್ರೆ ತೂತು ನೆಲಕ್ಕೆ ಅಂಟ್ಕೊಂಡು ಮುಚ್ಚೋಗುತ್ತೆ.