ರಿವಾದ ಕಾರ್ಡನ್ನು ಯಾವ ದೇಶದ ಪುಟಕ್ಕೆ ಸೇರಿಸಬೇಕು?

ಹಸಿರು 5 ಹೆಲ್ಲರ್‌ನ ಆಸ್ಟ್ರಿಯದ ಅಂಚೆಚೀಟಿ, ಇಟಾಲಿಯನ್ ಕೈಬರಹ, ಚಿತ್ರದ ಕೆಳಗೆ ಜರ್ಮನ್ನಿನಲ್ಲಿ ‘ರಿವಾ, ಸ್ಯೂಡ್‌ಟಿರೋಲ್’ ಎಂಬ ಮುದ್ರಣ. ಗಾರ್ಡ ಸರೋವರದ ದಡದ ಊರಾದ ರಿವಾದ ಇಂಥ 1908ರ ಚಿತ್ರ ಅಂಚೆಕಾರ್ಡನ್ನು ಆಲ್ಬಮ್ಮಿನಲ್ಲಿ ಇಟಲಿಗೆ ಸೇರಿಸಬೇಕೋ ಆಸ್ಟ್ರಿಯಕ್ಕೋ ಎಂದು ಕೇಳಿದ್ದೀರಿ. ಆಸ್ಟ್ರಿಯಕ್ಕೇ ಸೇರಿಸಿ, ಆದರೆ ‘ವೆಲ್ಶ್‌ಟಿರೋಲ್’ ಎಂಬ ತಲೆಬರಹದಡಿ ಪ್ರತ್ಯೇಕ ಪುಟ ಕೊಡಿ.

ಲ್ಯಾಟಿನ್ ಮೂಲದ ನುಡಿಯಾಡುವ ನೆರೆಯವರನ್ನು ಜರ್ಮನ್ನರು ‘ವೆಲ್ಶ್’ ಎನ್ನುತ್ತಿದ್ದರು. ಬೆಲ್ಜಿಯಮ್ಮಿನ ವಲೋನಿಯ, ರುಮೇನಿಯದ ವಲಾಕಿಯ ಎಂಬ ಹೆಸರುಗಳ ಬೇರೂ ಇದೇ. ಆಸ್ಟ್ರಿಯದ ಟಿರೋಲ್ ಪ್ರಾಂತ್ಯದ ತೆಂಕಣ ಅಂಚಿನಲ್ಲಿ ಇಟಾಲಿಯನ್ ಮತ್ತು ಲಡೀನ್ ನುಡಿಗಳನ್ನಾಡುವ ಜನರಿದ್ದ ಭಾಗಕ್ಕೆ ಈ ಹೆಸರು ಬಿದ್ದದ್ದು ಹಾಗೆ. ಅಲ್ಲಿನ ಇಟಾಲಿಯನ್ನರಿಗೆ ಅದರಲ್ಲಿ ತಾತ್ಸಾರದ ವಾಸನೆ ಬಡಿಯುತ್ತಿತ್ತು. ಅವರಿಗೆ ತಮ್ಮ ನಾಡು ಟ್ರೆಂಟೀನೊ. ಅಡಿಜೆ ನದಿಯ ಕಣಿವೆ ಇಕ್ಕಟ್ಟಾಗುವ ಸಲೋರ್ನೊದ ಬಳಿ ಭಾಷೆಯ ಗಡಿಯಿದ್ದರೆ, ರಾಜ್ಯದ ಗಡಿ ಇನ್ನೂ ದಕ್ಷಿಣಕ್ಕೆ, ಗಾರ್ಡ ಸರೋವರದ ಮೇಲೆ ಹಾದಿತ್ತು: ರಿವಾ ಆಸ್ಟ್ರಿಯದ್ದು, ಅದೇ ಪಶ್ಚಿಮ ದಡದಲ್ಲಿ ತುಸು ಕೆಳಗಿರುವ ಲಿಮೋನೆ ಇಟಲಿಯದ್ದು. ಇಂದು ‘ಸ್ಯೂಡ್‌ಟಿರೋಲ್’ (ದಕ್ಷಿಣ ಟಿರೋಲ್) ಎಂದರೆ ಇಟಲಿಯ ಬೊಲ್ಜಾನೊ ಪ್ರಾಂತ್ಯ ಮಾತ್ರ. ಅಂದು ಆ ಹೆಸರು ರಿವಾವರೆಗೂ ಚಾಚಿತ್ತು. ಇಲ್ಲಿನ ಮುಖ್ಯ ನಗರವಾದ ಟ್ರೆಂಟೊದ ಬಿಷಪ್ಪರೇ ದೊರೆಗಳಾಗಿದ್ದ ಕಾಲ 1803ಕ್ಕೆ ಮುಗಿಯಿತು, ಅನಂತರ ನೆಪೋಲಿಯನ್ನನ ಗದ್ದಲದಲ್ಲಿ ನಾಡು ಹಲವು ಕೈ ಬದಲಾಯಿಸಿತು. ಆಸ್ಟ್ರಿಯದ ಅಂಚೆಚೀಟಿ ಹುಟ್ಟಿದ್ದೇ 1850ರಲ್ಲಾದ್ದರಿಂದ ಆ ತಲೆನೋವು ನಮಗಿಲ್ಲ.

ಜನ ಇಟಾಲಿಯನ್ ಆಡುತ್ತಿದ್ದರೂ ಇಲ್ಲಿ ಚಲಾವಣೆಯಲ್ಲಿದ್ದದ್ದು ಆಸ್ಟ್ರಿಯದ ಆಳ್ವಿಕೆಯಲ್ಲಿದ್ದ ಇಟಾಲಿಯನ್ ನಾಡಾದ ಲೊಂಬಾರ್ಡಿ-ವೆನೆಶಿಯಕ್ಕೆಂದು ಚೆಂಟೆಸಿಮಿ ಬೆಲೆಯಲ್ಲಿ ಅಚ್ಚಾದ ಚೀಟಿಗಳಲ್ಲ. ಟಿರೋಲಿನ ಉಳಿದೆಡೆಯಂತೆ ಮೊದಲು ಕ್ರೊಯ್ಟ್ಸರ್, ಆಮೇಲೆ ಹೆಲ್ಲರ್ ನಾಣ್ಯದ ಬೆಲೆಯವು.

ಎಚ್ಚರ ಬೇಕಾದದ್ದು ಮುಂದಿನ ಘಟ್ಟದಲ್ಲಿ. 1918ರ ನವೆಂಬರ್ 3ರಂದು ಇಟಲಿಯ ಸೇನೆ ಟ್ರೆಂಟೊ ಹೊಕ್ಕ ಬಳಿಕ, ಆಸ್ಟ್ರಿಯದ ಚೀಟಿಗಳ ಮೇಲೆಯೇ ‘ರೆಞೊ ದಿತಾಲ್ಯ’ (ಇಟಲಿ ರಾಜ್ಯ), ‘ಟ್ರೆಂಟೀನೊ’ ಎಂಬ ಮಾತುಗಳನ್ನೂ ಆ ದಿನಾಂಕವನ್ನೂ ಮೇಲಚ್ಚು ಒತ್ತಿ ಬಳಸಿದರು. ಇಟಲಿಯ ಚೀಟಿಗಳ ಮೇಲೆ ‘ವೆನೆಶಿಯ ಟ್ರಿಡೆಂಟೀನ’ ಎಂದು ಒತ್ತಿದ್ದು ಅನಂತರ. ಈ ಮೇಲಚ್ಚುಗಳಲ್ಲಿ ನಕಲಿಯ ಹಾವಳಿ ವಿಪರೀತ. ನಾನೇ ಒಂದು ಪ್ರದರ್ಶನದಲ್ಲಿ ಮುದ್ರೆ ಬಿದ್ದಿದ್ದ ಒಂದನ್ನು ಕೊಂಡು ಮನೆಗೆ ಬಂದು 10 ಪಟ್ಟಿನ ಮಸೂರದಡಿ ಹಿಡಿದೆ: ‘ಟ್ರೆಂಟೀನೊ’ದ ಕಪ್ಪು ಶಾಯಿ ಅಂಚೆ ಮುದ್ರೆಯ ಗೆರೆಯ ಮೇಲೆ ಹಾದುಹೋಗಿತ್ತು! ಮೇಲಚ್ಚು ಮೊದಲು, ಮುದ್ರೆ ಆಮೇಲೆ ಬೀಳಬೇಕಲ್ಲವೇ? ಆದ್ದರಿಂದ ಈ ಜಾತಿಯದನ್ನು ಪರಿಣತರ ಪ್ರಮಾಣಪತ್ರವಿಲ್ಲದೆ ಕೊಳ್ಳಬೇಡಿ.

1920ರ ಅಕ್ಟೋಬರ್ 10ರಂದು ಈ ಪ್ರದೇಶ ವಿಧಿವತ್ತಾಗಿ ಇಟಲಿಯಲ್ಲಿ ವಿಲೀನವಾಯಿತು; ಅಲ್ಲಿಂದ ಮುಂದಿನ ಕಾರ್ಡುಗಳು ಇಟಲಿಯ ಆಲ್ಬಮ್ಮಿಗೆ ಹೋಗಲಿ. ನಿಮ್ಮ ಕಾರ್ಡಿನ ಚೀಟಿಯನ್ನು ಮಾತ್ರ ನೀರಿನಲ್ಲಿ ನೆನೆಸಿ ಬಿಡಿಸಬೇಡಿ. ಬಿಡಿ ಚೀಟಿ ತೀರಾ ಸಾಮಾನ್ಯವಾದದ್ದು. ಊರಿನ ಮುದ್ರೆ, ಜರ್ಮನ್ ಮುದ್ರಣ, ಇಟಾಲಿಯನ್ ಕೈಬರಹ ಒಂದೇ ಕಾಗದದ ಮೇಲೆ ಕೂಡಿರುವುದರಿಂದಲೇ ಅದಕ್ಕೆ ಬೆಲೆ.