ಬಿಜೈ ಫ್ಲ್ಯಾಟಿನ 50 ಲಕ್ಷ ಸಾಲ: ನಿಮ್ಮ ಲೆಕ್ಕಕ್ಕೆ ಸೇರದೆ ಉಳಿದದ್ದು

ನೀವು ಕೇಳಿದ್ದು ಇಷ್ಟು. ಕಾಪುವಿನಿಂದ ಶಾರ್ಜಾಕ್ಕೆ ಬಂದು ಎಂಟು ತಿಂಗಳಾಯಿತು, ಸಂಬಳ ಸರಿಯಾಗಿ ಬರುತ್ತಿದೆ. ಮಂಗಳೂರಿನ ಬಿಜೈ ಹತ್ತಿರ 62.5 ಲಕ್ಷದ ಫ್ಲ್ಯಾಟೊಂದನ್ನು ತಂದೆಯವರು ನೋಡಿ ಬಂದಿದ್ದಾರೆ. ಬ್ಯಾಂಕು 50 ಲಕ್ಷ ಕೊಡಲು ಒಪ್ಪಿದೆ. ಬಡ್ಡಿ ಶೇ 8.5, ಅವಧಿ 20 ವರ್ಷ, ತಿಂಗಳ ಕಂತು 43,391 ರೂಪಾಯಿ. 30 ವರ್ಷ ಮಾಡಿಕೊಂಡರೆ ಕಂತು 38,446ಕ್ಕೆ ಇಳಿಯುತ್ತದಂತೆ. ತೆಗೆದುಕೊಳ್ಳಬಹುದಾ?

30 ವರ್ಷ ಖಂಡಿತ ಬೇಡ. 20 ವರ್ಷದ ಕಾಗದಕ್ಕೆ ಸಹಿ ಹಾಕಿ, ಆದರೆ 12 ವರ್ಷದಲ್ಲಿ ಮುಗಿಸುವ ಲೆಕ್ಕವನ್ನು ಈಗಲೇ ಮಾಡಿಕೊಳ್ಳಿ. ಅದು ಆಗುವುದಿಲ್ಲ ಅನ್ನಿಸಿದರೆ ಸಣ್ಣ ಫ್ಲ್ಯಾಟ್ ನೋಡಿ, ಇಲ್ಲವಾದರೆ ಎರಡು ವರ್ಷ ಕಾಯಿರಿ. ಯಾಕೆ ಎನ್ನುವುದನ್ನು ಬಿಡಿಸಿ ಬರೆಯುತ್ತೇನೆ.

ಮೊದಲ ತಿಂಗಳ ಕಂತನ್ನು ಒಡೆದು ನೋಡಿ. ನೀವು ಕಟ್ಟುವ 43,391ರಲ್ಲಿ 35,417 ರೂಪಾಯಿ ಬಡ್ಡಿಗೆ ಹೋಗುತ್ತದೆ. ಅಸಲಿಗೆ ಸೇರುವುದು 7,974. ಒಂದು ವರ್ಷ ಒಂದು ಕಂತೂ ತಪ್ಪದೆ 5.2 ಲಕ್ಷ ಕಟ್ಟಿದ ಮೇಲೂ ಸಾಲ ಇಳಿದಿರುವುದು ಒಂದು ಲಕ್ಷಕ್ಕೂ ಸ್ವಲ್ಪ ಕಡಿಮೆ. ಐದು ವರ್ಷಕ್ಕೆ 26 ಲಕ್ಷ ಕಟ್ಟಿರುತ್ತೀರಿ, ಬಾಕಿ ಇನ್ನೂ 44 ಲಕ್ಷ. ಹತ್ತು ವರ್ಷಕ್ಕೆ 52 ಲಕ್ಷ, ಅಂದರೆ ತೆಗೆದುಕೊಂಡ ಸಾಲಕ್ಕಿಂತ ಹೆಚ್ಚು ಕಟ್ಟಿ ಆಗಿರುತ್ತದೆ. ಬಾಕಿ 35 ಲಕ್ಷ. ಅಸಲು ಅರ್ಧಕ್ಕೆ ಇಳಿಯಲು ಸುಮಾರು 13 ವರ್ಷ 10 ತಿಂಗಳು ಬೇಕು. ಬ್ಯಾಂಕಿನವರು ಇಲ್ಲಿ ಮೋಸವೇನೂ ಮಾಡುವುದಿಲ್ಲ. ಬಡ್ಡಿ ಬೀಳುವುದು ಉಳಿದ ಬಾಕಿಯ ಮೇಲೆ, ಮೊದಲ ವರ್ಷಗಳಲ್ಲಿ ಬಾಕಿ ದೊಡ್ಡದು, ಆದ್ದರಿಂದ ಬಡ್ಡಿಯ ಪಾಲೂ ದೊಡ್ಡದು. ಊರಿಗೆ ವಾಪಸಾಗುವ ಯೋಚನೆ ಇರುವ ನಮ್ಮಂಥವರಿಗೆ ಪೆಟ್ಟು ಬೀಳುವುದು ಇಲ್ಲೇ. ಏಳೆಂಟು ವರ್ಷಕ್ಕೆ ಗಲ್ಫ್ ಬಿಟ್ಟು ಹೊರಟಾಗ ಸಾಲದ ಬಹುಪಾಲು ಹಾಗೇ ಕೂತಿರುತ್ತದೆ.

20 ವರ್ಷಕ್ಕೆ ಒಟ್ಟು ಕಟ್ಟುವುದು 1 ಕೋಟಿ 4 ಲಕ್ಷ, ಅದರಲ್ಲಿ ಬಡ್ಡಿ 54 ಲಕ್ಷ. 30 ವರ್ಷಕ್ಕೆ 1 ಕೋಟಿ 38 ಲಕ್ಷ, ಬಡ್ಡಿ 88 ಲಕ್ಷ. ಕಂತಿನಲ್ಲಿ ತಿಂಗಳಿಗೆ 4,945 ರೂಪಾಯಿ ಉಳಿಸಲು ಹೋಗಿ 34 ಲಕ್ಷ ಹೆಚ್ಚಿಗೆ ಕಟ್ಟಿದ ಹಾಗೆ.

ಇದು ಬಡ್ಡಿ ದರ ಅಲುಗಾಡದಿದ್ದರೆ. ಅಲುಗಾಡುತ್ತದೆ. 2019ರ ಅಕ್ಟೋಬರ್ 1ರಿಂದ ಬ್ಯಾಂಕುಗಳು ಕೊಡುವ ಹೊಸ ಫ್ಲೋಟಿಂಗ್ (ದರ ಏರಿಳಿಯುವ) ಗೃಹ ಸಾಲಗಳು ಹೊರಗಿನ ಮಾನದಂಡಕ್ಕೆ, ಹೆಚ್ಚಾಗಿ ರಿಸರ್ವ್ ಬ್ಯಾಂಕು ಬ್ಯಾಂಕುಗಳಿಗೆ ಸಾಲ ಕೊಡುವ ರೆಪೊ ದರಕ್ಕೆ, ಜೋಡಣೆಯಾಗಿವೆ. ಮೂರು ತಿಂಗಳಿಗೆ ಒಮ್ಮೆಯಾದರೂ ದರ ಮರುಹೊಂದಿಕೆ ಆಗಲೇಬೇಕು. 2022ರ ಮೇ ಆರಂಭದಲ್ಲಿ ಶೇ 4 ಇದ್ದ ರೆಪೊ 2023ರ ಫೆಬ್ರವರಿಗೆ 6.5ಕ್ಕೆ ಏರಿತು. ಅಂಥ ಏರಿಕೆ ಸಾಲಕ್ಕೆ ಏನು ಮಾಡುತ್ತದೆ ನೋಡಿ. 50 ಲಕ್ಷವನ್ನು ಶೇ 7ಕ್ಕೆ 20 ವರ್ಷಕ್ಕೆ ತೆಗೆದುಕೊಂಡರೆ ಕಂತು 38,765. ಒಂದು ವರ್ಷ ಕಟ್ಟಿದ ಮೇಲೆ ಬಾಕಿ 48.81 ಲಕ್ಷ. ಆಗ ದರ 9.5 ಆಯಿತು ಎಂದಿಟ್ಟುಕೊಳ್ಳಿ. ಒಂದು ತಿಂಗಳ ಬಡ್ಡಿಯೇ 38,642 ರೂಪಾಯಿ. ಅಸಲಿಗೆ ಸಿಗುವುದು 123 ರೂಪಾಯಿ! ಕಂತು ಹಾಗೇ ಬಿಟ್ಟರೆ ಸಾಲ ತೀರಲು 60 ವರ್ಷ ದಾಟುತ್ತದೆ. ಉಳಿದ 19 ವರ್ಷದಲ್ಲೇ ಮುಗಿಸಬೇಕಾದರೆ ಕಂತು 46,300ರ ಆಸುಪಾಸಿಗೆ ಏರಿಸಬೇಕು.

ದರ ಏರಿದಾಗ ಬ್ಯಾಂಕುಗಳು ಸಾಮಾನ್ಯವಾಗಿ ಕಂತು ಮುಟ್ಟುವುದಿಲ್ಲ, ಅವಧಿ ಎಳೆಯುತ್ತವೆ. ಖಾತೆಯಿಂದ ಹೋಗುವ ಮೊತ್ತ ಬದಲಾಗದ ಕಾರಣ ದುಬೈ, ಶಾರ್ಜಾದಲ್ಲಿ ಕೂತವರಿಗೆ ಇದು ಗೊತ್ತೇ ಆಗುವುದಿಲ್ಲ. 2023ರ ಆಗಸ್ಟ್‌ನಲ್ಲಿ ರಿಸರ್ವ್ ಬ್ಯಾಂಕು ಸುತ್ತೋಲೆ ಹೊರಡಿಸಿ, ಕಂತು ಏರಿಸುವುದೋ ಅವಧಿ ಹೆಚ್ಚಿಸುವುದೋ ಎರಡೂ ಸ್ವಲ್ಪ ಸ್ವಲ್ಪ ಮಾಡುವುದೋ ಎಂಬ ಆಯ್ಕೆಯನ್ನು ಸಾಲಗಾರನಿಗೆ ಕೊಡಬೇಕು ಎಂದಿದೆ. ಆದರೆ ಆಯ್ಕೆ ಕೇಳುವ ಪತ್ರ ಬರುವುದು ನಿಮ್ಮ ಹಳೆಯ ಊರಿನ ಮೊಬೈಲ್ ನಂಬರಿಗೆ ಅಥವಾ ಮನೆ ವಿಳಾಸಕ್ಕೆ. ಇ-ಮೇಲ್ ಮತ್ತು ಇಲ್ಲಿನ ನಂಬರನ್ನು ಸಾಲದ ಖಾತೆಗೆ ಮೊದಲ ದಿನವೇ ಸೇರಿಸಿ. ವರ್ಷಕ್ಕೆ ಎರಡು ಸಲ ಆ್ಯಪ್‌ನಲ್ಲಿ ಮೂರೇ ಮೂರು ಅಂಕಿ ನೋಡಿ: ಬಾಕಿ ಅಸಲು, ಈಗಿನ ದರ, ಉಳಿದ ಕಂತುಗಳ ಸಂಖ್ಯೆ. ಆರು ತಿಂಗಳ ಹಿಂದೆ 228 ಇದ್ದ ಕಂತುಗಳು 222 ಆಗುವ ಬದಲು 240 ಆಗಿದ್ದರೆ ಅದೇ ದಿನ ಶಾಖೆಗೆ ಬರೆಯಿರಿ.

ಸಹಿ ಹಾಕುವ ಮುಂಚೆ ರೆಪೊ ದರದ ಮೇಲೆ ಬ್ಯಾಂಕು ಸೇರಿಸುವ ಸ್ಪ್ರೆಡ್ ಎಷ್ಟು ಎಂದು ಕೇಳಿ. ರೆಪೊ ಎಲ್ಲರಿಗೂ ಒಂದೇ. ವ್ಯತ್ಯಾಸ ಇರುವುದು ಸ್ಪ್ರೆಡ್‌ನಲ್ಲಿ. 2024ರ ಅಕ್ಟೋಬರ್ 1ರಿಂದ ಸಾಲದ ಮುಖ್ಯಾಂಶಗಳ ಪತ್ರ, ಅಂದರೆ ಕೆಎಫ್‌ಎಸ್, ಕೊಡುವುದು ಕಡ್ಡಾಯ. ಪ್ರೊಸೆಸಿಂಗ್ ಶುಲ್ಕ ಮುಂತಾದವೆಲ್ಲ ಸೇರಿದ ವಾರ್ಷಿಕ ದರ ಅದರಲ್ಲಿ ಒಂದೇ ಅಂಕಿಯಲ್ಲಿ ಇರುತ್ತದೆ. ಎರಡು ಬ್ಯಾಂಕುಗಳನ್ನು ಹೋಲಿಸುವುದಾದರೆ ಆ ಅಂಕಿಯನ್ನು ಹೋಲಿಸಿ. ಸಾಲಗಾರನಿಗೆ ಅರ್ಥವಾಗುವ ಭಾಷೆಯಲ್ಲಿ ಕೊಡಬೇಕೆಂಬ ನಿಯಮವೂ ಇದೆ, ತಂದೆಯವರು ಕನ್ನಡದಲ್ಲೇ ಕೇಳಿ ಪಡೆಯಲಿ.

ಅದೇ ಪತ್ರದಲ್ಲಿ ವಿಮೆಯ ಸಾಲು ಹುಡುಕಿ. ಸಾಲಕ್ಕೆ ಜೋಡಿಸಿದ ಒಂದೇ ಕಂತಿನ ವಿಮೆಯ ಪ್ರೀಮಿಯಂ 1.5 ಲಕ್ಷ ಎಂದಿಟ್ಟುಕೊಳ್ಳಿ. ಅದನ್ನು ಸಾಲಕ್ಕೇ ಸೇರಿಸಿದರೆ ಕಂತು ಬರೀ 1,302 ರೂಪಾಯಿ ಹೆಚ್ಚಾಗುತ್ತದೆ, ಆದರೆ 20 ವರ್ಷಕ್ಕೆ 3.12 ಲಕ್ಷ ಆಗುತ್ತದೆ. ಸಾಲದ ಜೊತೆಗಿನ ಆ ವಿಮೆ ಕಡ್ಡಾಯವಲ್ಲ. ಆದರೆ ಜೀವ ವಿಮೆ ಬೇಕೇ ಬೇಕು, ಅದರಲ್ಲಿ ಎರಡು ಮಾತಿಲ್ಲ. ನಾಳೆ ನಿಮಗೇನಾದರೂ ಆದರೆ ಸಾಲ ತಂದೆತಾಯಿಯ ತಲೆಗೆ ಬರಬಾರದು. ಬೇರೆಯಾಗಿ ಒಂದು ಟರ್ಮ್ ಪಾಲಿಸಿ, ಅಂದರೆ ಅವಧಿಯೊಳಗೆ ಸಾವಾದರೆ ಮಾತ್ರ ಹಣ ಕೊಡುವ ವಿಮೆ, ಮಾಡಿಸಿ.

ಇನ್ನು ಕೈಯಿಂದ ಹಾಕಬೇಕಾದ ಹಣ. 30 ಲಕ್ಷದಿಂದ 75 ಲಕ್ಷದವರೆಗಿನ ಸಾಲಕ್ಕೆ ಬ್ಯಾಂಕು ಮನೆಯ ಬೆಲೆಯ ಶೇ 80 ಮೀರಿ ಕೊಡುವಂತಿಲ್ಲ, ಹಾಗಾಗಿ ನಿಮ್ಮ ಪಾಲು 12.5 ಲಕ್ಷ. ಇದಕ್ಕೆ ನೋಂದಣಿ ಖರ್ಚು ಸೇರುವುದಿಲ್ಲ. 45 ಲಕ್ಷ ಮೀರಿದ ಫ್ಲ್ಯಾಟಿಗೆ ಮುದ್ರಾಂಕ ಶುಲ್ಕ ಶೇ 5, ಅಂದರೆ 3,12,500. ಆ ಶುಲ್ಕದ ಮೇಲೆ ಶೇ 10 ಸೆಸ್, 31,250. ಅದೇ ಶುಲ್ಕದ ಮೇಲೆ ನಗರ ವ್ಯಾಪ್ತಿಯ ಶೇ 2 ಸರ್‌ಚಾರ್ಜ್, 6,250. ನೋಂದಣಿ ಶುಲ್ಕ 2025ರ ಆಗಸ್ಟ್ 31ರಿಂದ ಶೇ 1ರ ಬದಲು ಶೇ 2 ಆಗಿದೆ, 1,25,000. ಒಟ್ಟು 4,75,000 ರೂಪಾಯಿ. ಸರ್ಕಾರ ಗೊತ್ತುಮಾಡಿದ ಮಾರ್ಗಸೂಚಿ ಬೆಲೆ ನಿಮ್ಮ ಖರೀದಿ ಬೆಲೆಗಿಂತ ಹೆಚ್ಚಿದ್ದರೆ ಅದರ ಮೇಲೆ ಲೆಕ್ಕ. ಕಟ್ಟಡ ಇನ್ನೂ ಮುಗಿದಿಲ್ಲವಾದರೆ ಶೇ 5 ಜಿಎಸ್‌ಟಿ, ಇನ್ನೂ 3,12,500. ಪೂರ್ಣಗೊಂಡ ಪ್ರಮಾಣಪತ್ರ ಸಿಕ್ಕಿದ ಮೇಲೆ ಕೊಂಡರೆ ಜಿಎಸ್‌ಟಿ ಇಲ್ಲ.

ಮುಗಿಯದ ಕಟ್ಟಡದಲ್ಲಿ ಇನ್ನೊಂದು ಸೋರಿಕೆ ಇದೆ. ಬಿಲ್ಡರಿಗೆ ಹಂತ ಹಂತವಾಗಿ ಹಣ ಬಿಡುಗಡೆಯಾಗುವಾಗ ಪ್ರಿ-ಇಎಂಐ ಎಂದು ಬರೀ ಬಡ್ಡಿ ಕಟ್ಟಿಸಿಕೊಳ್ಳುತ್ತಾರೆ. ಸರಾಸರಿ 25 ಲಕ್ಷ ಬಿಡುಗಡೆಯಾಗಿ ಮೂರು ವರ್ಷ ಹಿಡಿದರೆ 6.37 ಲಕ್ಷ ಹೋಗುತ್ತದೆ, ಅಸಲಿನಲ್ಲಿ ಒಂದು ರೂಪಾಯಿ ಇಳಿಯುವುದಿಲ್ಲ, 20 ವರ್ಷದ ಎಣಿಕೆ ಶುರುವಾಗುವುದೂ ಆಮೇಲೆಯೇ. ಪೂರ್ತಿ ಕಂತು ಈಗಿಂದಲೇ ಕಟ್ಟುತ್ತೇನೆ ಎಂದು ಕೇಳಬಹುದು. ಹೊಸಬರಿಗೆ ನನ್ನ ಸಲಹೆ, ಮುಗಿದ ಕಟ್ಟಡವನ್ನೇ ನೋಡಿ. ಅದೂ ಜುಲೈ ತಿಂಗಳಲ್ಲಿ. ನಮ್ಮ ಕರಾವಳಿಯ ಮಳೆಗೆ ಯಾವ ಗೋಡೆ ನೀರು ಕುಡಿಯುತ್ತದೆ, ಯಾವ ಬಾಲ್ಕನಿಯ ಸೀಲಿಂಗಿನಲ್ಲಿ ಹಳದಿ ಕಲೆ ಮೂಡಿದೆ ಎನ್ನುವುದು ಬೇಸಿಗೆಯಲ್ಲಿ ಬಣ್ಣದ ಅಡಿ ಮುಚ್ಚಿಹೋಗಿರುತ್ತದೆ. ಬೀಗ ಹಾಕಿಟ್ಟ ಮನೆಗೆ ಒಂದೇ ಮಳೆಗಾಲದಲ್ಲಿ ಬೂಷ್ಟು ಹಿಡಿಯುತ್ತದೆ, ಕಪಾಟಿಗೆ ಗೆದ್ದಲು ಏರುತ್ತದೆ, ಉಪ್ಪು ಗಾಳಿಗೆ ಕಿಟಕಿಯ ಗ್ರಿಲ್ ತುಕ್ಕು ಹಿಡಿಯುತ್ತದೆ. ಅಸೋಸಿಯೇಶನ್ನಿನ ತಿಂಗಳ ನಿರ್ವಹಣೆ, ಪಾಲಿಕೆಯ ಆಸ್ತಿ ತೆರಿಗೆ, ಲಿಫ್ಟ್ ಬದಲಿಸುವಾಗ, ತಾರಸಿಗೆ ಶೀಟ್ ಹಾಕುವಾಗ ಬರುವ ವಂತಿಗೆ ಇವೆಲ್ಲ ನೀವು ಇದ್ದರೂ ಇಲ್ಲದಿದ್ದರೂ ಬರುತ್ತಲೇ ಇರುತ್ತವೆ.

ಬಾಡಿಗೆಯಿಂದ ಕಂತು ತುಂಬುತ್ತದೆ ಎಂಬ ಮಾತನ್ನು ನಂಬಬೇಡಿ. 18,000 ಬಾಡಿಗೆ ಬಂದರೂ ಮೊದಲ ತಿಂಗಳ ಬಡ್ಡಿಯ ಅರ್ಧವಷ್ಟೇ ಆಯಿತು. ಮಾಲೀಕ ಅನಿವಾಸಿಯಾಗಿದ್ದರೆ ಬಾಡಿಗೆದಾರ ಸೆಸ್ ಸೇರಿ ಶೇ 31.2 ಟಿಡಿಎಸ್, ಅಂದರೆ ಮೂಲದಲ್ಲೇ ಹಿಡಿಯುವ ತೆರಿಗೆ, ಮುರಿದು ಕೊಡಬೇಕು. ನಿಜವಾದ ತೆರಿಗೆ ಕಡಿಮೆಯಿದ್ದರೆ ರಿಟರ್ನ್ ಹಾಕಿ ವಾಪಸು ಪಡೆಯಬಹುದು, ಆದರೆ ಅಷ್ಟು ದಿನ ಆ ಹಣ ಕೈಗಿಲ್ಲ. ಮುಂದೆ ಮಾರುವಾಗಲೂ ಇದೇ ಕತೆ: ಎರಡು ವರ್ಷ ದಾಟಿದ ಆಸ್ತಿಯ ಲಾಭಕ್ಕೆ 2024ರ ಜುಲೈ 23ರಿಂದ ಶೇ 12.5 ತೆರಿಗೆ, ಹಣದುಬ್ಬರಕ್ಕೆ ತಕ್ಕಂತೆ ಕೊಂಡ ಬೆಲೆಯನ್ನು ಏರಿಸಿ ಲಾಭ ಲೆಕ್ಕ ಹಾಕುವ ಇಂಡೆಕ್ಸೇಶನ್ ಅನಿವಾಸಿಗಳಿಗೆ ಇಲ್ಲ. 62.5 ಲಕ್ಷದ್ದು ಒಂದು ಕೋಟಿಗೆ ಹೋಯಿತು ಎಂದು ಯಾರಾದರೂ ಹೇಳಿದರೆ ಕೈಯಿಂದ ಹೋದದ್ದನ್ನು ಕೂಡಿಸಿ: 12.5, 4.75 ಮತ್ತು 104, ಒಟ್ಟು 1 ಕೋಟಿ 21 ಲಕ್ಷ. ನಿರ್ವಹಣೆ ಇದರಲ್ಲಿ ಸೇರಿಲ್ಲ. ಸ್ವಂತ ಸೂರಿನ ನೆಮ್ಮದಿಗೆ, ತಂದೆತಾಯಿ ಬಂದು ಇರುವುದಕ್ಕೆ ಕೊಳ್ಳುವುದಾದರೆ ಅದಕ್ಕೊಂದು ಬೆಲೆ ಇದೆ, ಒಪ್ಪುತ್ತೇನೆ. ಬರೀ ಹೂಡಿಕೆ ಎಂದು ಸಾಲ ಮಾಡಿ ಕೊಳ್ಳಬೇಡಿ.

ಈಗ 12 ವರ್ಷದ ಲೆಕ್ಕಕ್ಕೆ ಬರೋಣ. ಇದೇ 50 ಲಕ್ಷ 12 ವರ್ಷಕ್ಕೆ ತೀರಬೇಕಾದರೆ ತಿಂಗಳಿಗೆ 55,503 ಬೇಕು, 20 ವರ್ಷದ ಕಂತಿಗಿಂತ 12,112 ಹೆಚ್ಚು. ದಿರ್ಹಮಿಗೆ 24 ರೂಪಾಯಿ ಹಿಡಿದರೆ 505 ದಿರ್ಹಮ್. ಬಡ್ಡಿ 54 ಲಕ್ಷದಿಂದ 30 ಲಕ್ಷಕ್ಕೆ ಇಳಿಯುತ್ತದೆ. ಹಾಗಾದರೆ 12 ವರ್ಷಕ್ಕೇ ಯಾಕೆ ಸಹಿ ಹಾಕಬಾರದು ಅಂದರೆ, ಇಲ್ಲಿ ವೀಸಾ ನಿಂತಿರುವುದು ಕೆಲಸದ ಮೇಲೆ. ಕೆಲಸ ಹೋದ ತಿಂಗಳು ಕಡ್ಡಾಯ ಕಂತು 43,391 ಇರುವುದಕ್ಕೂ 55,503 ಇರುವುದಕ್ಕೂ ತುಂಬ ವ್ಯತ್ಯಾಸ ಉಂಟು ಮಾರಾಯ್ರೇ. ಫ್ಲೋಟಿಂಗ್ ದರದ ಗೃಹ ಸಾಲವನ್ನು ಮುಂಚಿತವಾಗಿ ತೀರಿಸಿದರೆ ವ್ಯಕ್ತಿಗಳಿಂದ ದಂಡ ಹಿಡಿಯುವಂತಿಲ್ಲ, ಆದ್ದರಿಂದ ಉದ್ದದ ಅವಧಿ ಕಾಗದದಲ್ಲಿ ಇಟ್ಟುಕೊಂಡು ಬೇಗ ಕಟ್ಟುವುದೇ ಸರಿ. ಉಡುಪಿ ಕಡೆಯವರಿಗೆ ಪಿಗ್ಮಿ ಗೊತ್ತೇ ಇದೆ. 1928ರಲ್ಲಿ ಸಿಂಡಿಕೇಟ್ ಬ್ಯಾಂಕು ಶುರುಮಾಡಿದ್ದು, ಮನೆಬಾಗಿಲಿಗೆ ಬಂದು ಪುಡಿಗಾಸು ಸೇರಿಸಿಕೊಂಡು ಹೋಗುವ ವ್ಯವಸ್ಥೆ. ಆ 505 ದಿರ್ಹಮನ್ನು ಪಿಗ್ಮಿಯ ಹಾಗೆ ಸಂಬಳ ಬಂದ ದಿನವೇ ಬೇರೆ ಎತ್ತಿಡಿ.

ಹೆಚ್ಚಿನ ಹಣ ಎಷ್ಟು ಬೇಗ ಬೀಳುತ್ತದೋ ಅಷ್ಟು ಲಾಭ. ಮೊದಲ ವರ್ಷದ ಕೊನೆಗೆ 5 ಲಕ್ಷ ಕಟ್ಟಿದರೆ ಸಾಲ ನಾಲ್ಕು ವರ್ಷ ಮುಂಚೆ ಮುಗಿಯುತ್ತದೆ, ಸುಮಾರು 16 ಲಕ್ಷ ಬಡ್ಡಿ ಉಳಿಯುತ್ತದೆ. ಅದೇ 5 ಲಕ್ಷ ಹತ್ತನೇ ವರ್ಷದ ಕೊನೆಗೆ ಕಟ್ಟಿದರೆ ಉಳಿಯುವುದು 5.7 ಲಕ್ಷದಷ್ಟು. ಕಟ್ಟುವಾಗ ಎರಡು ಕಡೆ ಎಡವುತ್ತಾರೆ. ಒಂದು, ಹಣವನ್ನು ಸುಮ್ಮನೆ ಸಾಲದ ಖಾತೆಗೆ ಹಾಕಿಬಿಡುವುದು. ಕೆಲವೆಡೆ ಅದು ಮುಂದಿನ ಕಂತುಗಳ ಮುಂಗಡವಾಗಿ ಕೂತುಬಿಡುತ್ತದೆ. ಭಾಗಶಃ ಮರುಪಾವತಿ, ಅಸಲಿಗೆ ಜಮಾ ಮಾಡಿ ಎಂದು ಬರೆದು ಕೊಡಬೇಕು. ಇನ್ನೊಂದು, ಅಸಲು ಇಳಿದ ಮೇಲೆ ಕಂತು ಇಳಿಸುವುದಾ ಅವಧಿ ಇಳಿಸುವುದಾ ಎಂದು ಹೇಳದಿರುವುದು. ಕಂತು ಹಾಗೇ ಇರಲಿ, ಅವಧಿ ಇಳಿಸಿ ಎನ್ನಿ. ಆಮೇಲೆ ಹೊಸ ಮರುಪಾವತಿ ಪಟ್ಟಿ ತರಿಸಿ ಬಾಕಿ ಅಂಕಿ ನೋಡಿ.

ಆದರೆ ಎಲ್ಲವನ್ನೂ ಸಾಲಕ್ಕೆ ಸುರಿಯಬೇಡಿ. ಎಂಟು ತಿಂಗಳ ನೌಕರಿಯವರು ಕನಿಷ್ಠ 12 ಕಂತಿನಷ್ಟು, ಅಂದರೆ 5.2 ಲಕ್ಷ, ಎನ್‌ಆರ್‌ಇ (ಅನಿವಾಸಿಗಳು ಹೊರದೇಶದ ಗಳಿಕೆ ಇಡುವ ಭಾರತದ ಖಾತೆ) ಠೇವಣಿಯಲ್ಲಿ ಮುಟ್ಟದೆ ಇಡಬೇಕು. ಅದರ ಬಡ್ಡಿಗೆ ಭಾರತದಲ್ಲಿ ತೆರಿಗೆ ಇಲ್ಲ. ಅದು ತುಂಬಿದ ಮೇಲೆ ಮಿಕ್ಕಿದ್ದೆಲ್ಲ ಅಸಲಿಗೆ.

ಇಲ್ಲೇ ದುಬೈಯಲ್ಲಿ ಕೊಂಡರೆ ಹೇಗೆ ಎಂದೂ ಕೇಳಿದ್ದೀರಿ. 50 ಲಕ್ಷ ದಿರ್ಹಮ್ ಒಳಗಿನ ಮೊದಲ ಮನೆಗೆ ವಲಸಿಗರಿಗೆ ಹೆಚ್ಚೆಂದರೆ ಶೇ 80 ಸಾಲ, ಅವಧಿ 25 ವರ್ಷ. ಭೂ ಇಲಾಖೆಗೆ ಶೇ 4, ಸಾಲದ ನೋಂದಣಿಗೆ ಸಾಲದ ಶೇ 0.25, ಏಜೆಂಟರಿಗೆ ಸಾಮಾನ್ಯವಾಗಿ ಶೇ 2. ಇಲಾಖೆ ಮತ್ತು ಏಜೆಂಟರ ಈ ಶುಲ್ಕಗಳನ್ನು 2025ರ ಫೆಬ್ರವರಿಯಿಂದ ಸಾಲಕ್ಕೆ ಸೇರಿಸುವಂತಿಲ್ಲ. ಮುಂಚಿತವಾಗಿ ತೀರಿಸಿದರೆ ಬಾಕಿಯ ಶೇ 1 ಅಥವಾ 10,000 ದಿರ್ಹಮ್, ಯಾವುದು ಕಡಿಮೆಯೋ ಅದು ದಂಡ. ಐದು ವರ್ಷ ಇಲ್ಲೇ ಇರುವುದು ಖಾತ್ರಿಯಾಗುವ ತನಕ ಅದರ ತಂಟೆಗೆ ಹೋಗಬೇಡಿ.

ನಿಮ್ಮ ಪರವಾಗಿ ಸಹಿ ಹಾಕಲು ತಂದೆಯವರ ಹೆಸರಿಗೆ ಮಾಡುವ ಪವರ್ ಆಫ್ ಅಟಾರ್ನಿ ಈ ಒಂದು ಫ್ಲ್ಯಾಟಿಗೆ, ಈ ಸಾಲಕ್ಕೆ ಮಾತ್ರ ಸೀಮಿತವಾಗಿರಲಿ. ದುಬೈ ಕಾನ್ಸುಲೇಟ್ ದೃಢೀಕರಣವಾದ ಕಾಗದ ಊರು ಸೇರಿದ ಮೂರು ತಿಂಗಳ ಒಳಗೆ ಅಲ್ಲಿ ಮುದ್ರಾಂಕ ಶುಲ್ಕ ಕಟ್ಟಬೇಕು. ಮಾರುವವರು ಕೂಡ ಅನಿವಾಸಿಗಳಾ ಎಂದು ಮೊದಲೇ ಕೇಳಿ. ಮಂಗಳೂರಿನಲ್ಲಿ ಅದು ತೀರ ಸಾಮಾನ್ಯ. ಮಾರುವವರು ಭಾರತದಲ್ಲೇ ಇರುವವರಾದರೆ ನೀವು ಶೇ 1 ಟಿಡಿಎಸ್ ಹಿಡಿದು ಕಟ್ಟಿದರೆ ಸಾಕು, ಅನಿವಾಸಿಯಾದರೆ ಅದಕ್ಕಿಂತ ತುಂಬ ಹೆಚ್ಚು ಹಿಡಿಯಬೇಕು, ಹಿಡಿಯದಿದ್ದರೆ ನೋಟಿಸ್ ಬರುವುದು ಕೊಂಡವರಿಗೆ.

ಸಾಲ ತೀರಿದ ದಿನವೂ ಒಂದು ಕೆಲಸ ಉಳಿಯುತ್ತದೆ. ಬ್ಯಾಂಕು 30 ದಿನದ ಒಳಗೆ ಮೂಲ ದಾಖಲೆ ಹಿಂದಿರುಗಿಸಬೇಕು. ಅದರ ಕಡೆಯಿಂದ ತಡವಾದರೆ ದಿನಕ್ಕೆ 5,000 ರೂಪಾಯಿ ಪರಿಹಾರ ಕೊಡಬೇಕು ಎಂಬ ನಿಯಮ 2023ರ ಡಿಸೆಂಬರ್ 1ರಿಂದ ಇದೆ. ದಾಖಲೆ ಕೈಗೆ ಬಂದರೆ ಮುಗಿಯಲಿಲ್ಲ. ಉಪನೋಂದಣಿ ಕಚೇರಿಯಲ್ಲಿ ಬ್ಯಾಂಕಿನ ಹಕ್ಕು ಬಿಡುಗಡೆಯಾಗಿ, ಹೊಸ ಋಣಭಾರ ಪತ್ರದಲ್ಲಿ (ಇಸಿ) ಅದು ನಮೂದಾಗಿದೆಯಾ ಎಂದು ನೋಡಿಕೊಂಡೇ ಫೈಲನ್ನು ಕಪಾಟಿನಲ್ಲಿ ಇಡಿ.